ಎಡಗೈ ಗಂಟು

ಜೆಬ್ಬೆ ದಾರ ಅಳೆಯುವುದನ್ನು ನೋಡಿದವರು ಅವಳನ್ನು ಜಿಪುಣಿ ಎಂದೇ ತಿಳಿಯುತ್ತಾರೆ. ಒಂದು ಗುಂಡಿ ಹೊಲಿಯಬೇಕಿದ್ದರೂ ಮೊದಲು ದಾರವನ್ನು ಬಲಗೈ ಬೆರಳುಗಳಿಗೆ ಎರಡೋ ಮೂರೋ ಸುತ್ತು ಸುತ್ತಿ, ತುಟಿಯಲ್ಲೇ ಏನೋ ಲೆಕ್ಕ ಹಾಕಿ, ಸಾಕು ಎನಿಸಿದ ಮೇಲೆಯೇ ಕತ್ತರಿಸುತ್ತಾಳೆ. ಮಿಕ್ಕಿದ ತುಂಡನ್ನು ಎಸೆಯುವುದಿಲ್ಲ, ಜೋಳದ ದಿಂಡಿಗೆ ಸುತ್ತಿಡುತ್ತಾಳೆ. ಅವಳ ಅಂಗಡಿಯಲ್ಲಿ ಅಂಥ ದಿಂಡುಗಳು ಒಂದು ಬುಟ್ಟಿ ತುಂಬ ಇವೆ.

"ಸತ್ತಾಗ ಇದನ್ನೆಲ್ಲ ಗೋರಿಗೆ ಹೊತ್ಕೊಂಡು ಹೋಗ್ತೀಯೇನೇ?" ಎಂದು ನಾನು ಕೇಳುತ್ತಿದ್ದೆ.

"ಇಲ್ಲ ಬೈಂದು ಅಕ್ಕ, ನಿನ್ನ ಬಾಯಿ ಹೊಲಿಯೋಕೆ ಬೇಕಾಗುತ್ತಲ್ಲ, ಅದಕ್ಕೆ ಇಟ್ಟಿದೀನಿ," ಎನ್ನುತ್ತಿದ್ದಳು.

ಅವಳು ಎಡಚಿ. ಎಡಗೈಯಲ್ಲಿ ಕೊಟ್ಟರೆ ನಮ್ಮವರು ಕುಡಿಯುವ ನೀರನ್ನೂ ಮುಟ್ಟುವುದಿಲ್ಲ, ಆದರೆ ಜೆಬ್ಬೆ ಎಡಗೈಯಲ್ಲಿ ಹೊಲಿದದ್ದನ್ನು ಇಡೀ ಬೀದಿ ತೊಡುತ್ತದೆ. ಯಂತ್ರದಲ್ಲಿ ಎಷ್ಟೇ ಹೊಲಿಯಲಿ, ಅಂಚನ್ನು ಮಾತ್ರ ಅವಳು ಕೈಯಲ್ಲೇ ಮುಗಿಸುವುದು. ಕೊನೆಯಲ್ಲಿ ಸೂಜಿಗೆ ಮೂರು ಸುತ್ತು ದಾರ ಸುತ್ತಿ, ಹಿಂದಕ್ಕೆ ಎಳೆದು, ಅದರ ಮೇಲೆ ಅಡ್ಡಡ್ಡ ಎರಡು ಹೊಲಿಗೆ ಹಾಕುತ್ತಾಳೆ. ಎಳ್ಳುಕಾಳಿನಷ್ಟು ಗಂಟು, ಎಡಕ್ಕೆ ತಿರುಚಿಕೊಂಡಿರುತ್ತದೆ. ಬೇರೆ ದರ್ಜಿಗಳಿಗೆ ಅದು ಬರುವುದಿಲ್ಲ. ಪಕ್ಕದ ಬೀದಿಯ ಅಲ್ಫಾ ದರ್ಜಿ ಒಮ್ಮೆ ಅವಳು ಹೊಲಿದ ಪ್ಯಾಂಟನ್ನು ಬಿಚ್ಚಲು ಹೋಗಿ ಬ್ಲೇಡಿನಲ್ಲಿ ಬೆರಳು ಕೊಯ್ದುಕೊಂಡು, "ಇದು ಗಂಟಲ್ಲ, ಆ ಹೆಂಗಸಿನ ಹಟ," ಎಂದು ಬೈದಿದ್ದ. ಅದನ್ನು ಯಾರು ಕಲಿಸಿದರು ಎಂದು ನಾನು ಕೇಳಿದಾಗ ಜೆಬ್ಬೆ, "ನಮ್ಮಜ್ಜಿ, ಮೀನಿನ ಬಲೆ ಕಟ್ಟೋಳು, ಅವಳೂ ಎಡಚಿ," ಎಂದಿದ್ದಳು. ಅವಳ ಹಿಂದಿನ ಬದುಕಿನ ಬಗ್ಗೆ ನನಗೆ ಗೊತ್ತಿದ್ದದ್ದು ಅಷ್ಟೇ, ಮತ್ತೆ ಯುದ್ಧದ ವರ್ಷಗಳಲ್ಲಿ ಗಡಿಯಾಚೆಯ ಗಿನಿಯ ಶಿಬಿರದಲ್ಲಿದ್ದಳು, ಗಂಡ ಅಲ್ಲೇ ಜ್ವರದಲ್ಲಿ ತೀರಿಕೊಂಡ ಎಂದು ಅವಳು ಹೇಳಿದ್ದು.

ನಮ್ಮ ಪೇಟೆ ಕೆನೆಮಾದಲ್ಲಿ ಯಾರೂ ಯಾರನ್ನೂ ಆ ವರ್ಷಗಳಲ್ಲಿ ಎಲ್ಲಿದ್ದೆ ಎಂದು ಕೆದಕುವುದಿಲ್ಲ. ನನ್ನನ್ನೂ ಅವಳು ಕೆದಕಿರಲಿಲ್ಲ, ನಾನೇ ಹೇಳಿಕೊಂಡಿದ್ದೆ. ಯುದ್ಧದ ನಾಲ್ಕನೇ ವರ್ಷ ಕಾಡಿನವರು, ಅಂದರೆ ದಂಗೆಕೋರರು, ನಮ್ಮೂರು ಗ್ಬಂಡಾವೊವನ್ನು ಸುಟ್ಟರು. ನನ್ನ ಗಂಡ ಲಹಾಯಿಯನ್ನು ಮನೆಯ ಮುಂದೆ ನಿಲ್ಲಿಸಿ ಕೊಂದರು. ನಾನು ಮರಗೆಣಸಿನ ಹೊಲದಲ್ಲಿ ಮಕಾಡೆ ಮಲಗಿ ನೋಡಿದೆ. ಮೂವರಿದ್ದರು. ಅವರ ಮುಖ ಒಂದೂ ನೆನಪಿಲ್ಲ, ಕರಿಯ ಟೋಪಿಗಳ ಮೇಲೆ ಕೆಂಪು ದಾರದಲ್ಲಿ ಹೊಲಿದಿದ್ದ ಚೇಳು ನೆನಪಿದೆ. ಇದನ್ನು ಹೇಳಿದ ದಿನ ಜೆಬ್ಬೆ ಊಟ ಬಿಟ್ಟು ಎದ್ದು ಹೋಗಿದ್ದಳು. ಕರುಳು ಮರುಗಿತು ಪಾಪ ಎಂದುಕೊಂಡಿದ್ದೆ.

ಯುದ್ಧ ಮುಗಿಯುವ ಹೊತ್ತಿಗೆ ಅವಳು ನಾಲ್ಕು ವರ್ಷದ ಮಗ ಸಾಫಾನನ್ನು ಬೆನ್ನಿಗೆ ಕಟ್ಟಿಕೊಂಡು ಬಂದವಳು. ನನ್ನ ಅನ್ನದಂಗಡಿಯ ಪಕ್ಕದ ತಗಡಿನ ಗೂಡು ಖಾಲಿಯಿತ್ತು, ಅಲ್ಲಿ ಕೂತಳು. ಅಂದಿನಿಂದ ಹನ್ನೆರಡು ವರ್ಷ ಮಧ್ಯಾಹ್ನದ ಊಟ ನಮ್ಮಿಬ್ಬರದೂ ಒಂದೇ ಬಟ್ಟಲಿನಲ್ಲಿ. ನನಗೆ ಮಕ್ಕಳಿಲ್ಲ. ಸಾಫಾ ನನ್ನನ್ನು ದೊಡ್ಡಮ್ಮ ಎನ್ನುತ್ತಿದ್ದ, ಏಟನ್ನೂ ನನ್ನ ಕೈಯಿಂದಲೇ ಹೆಚ್ಚು ತಿಂದಿದ್ದಾನೆ.

ಅವನು ಹದಿನಾರಕ್ಕೆ ಬಂದ. ಪರೀಕ್ಷೆಯಲ್ಲಿ ಎರಡು ಸಲ ಡುಮ್ಕಿ ಹೊಡೆದು ಶಾಲೆ ಬಿಟ್ಟ. ಜನರನ್ನು ಕೂರಿಸಿಕೊಂಡು ಓಡಿಸಲು ಬಾಡಿಗೆಗೆ ಹಿಡಿದಿದ್ದ ಓಕಾಡಾ ಬೈಕನ್ನು ಪೊಲೀಸರು ಯಾವುದೋ ನೆವ ಹೇಳಿ ಎಳೆದುಕೊಂಡು ಹೋದರು, ಬೈಕಿನ ಮಾಲೀಕ ಮತ್ತೆ ಇವನನ್ನು ಹತ್ತಿರ ಸೇರಿಸಲಿಲ್ಲ. ಆಮೇಲೆ ದಿನವಿಡೀ ಅತಾಯಾ ಚಹಾದ ಅಡ್ಡೆಯೇ ಗತಿ. ಅಲ್ಲಿ ಅವನಂಥವರು ಮೂವತ್ತೆರಡು ಜನ. ಕಹಿ ಚಹಾ ಕಾಯಿಸುವುದು, ಆರಿಸುವುದು, ಮತ್ತೆ ಕಾಯಿಸುವುದು. ಅವರ ಮುಖಂಡ ವಾಂಡಿ. ಯುದ್ಧ ಮುಗಿದಾಗ ಅವನಿಗೆ ಒಂಬತ್ತು ವರ್ಷ, ಬಂದೂಕು ಮುಟ್ಟಿದವನಲ್ಲ. ಅವನ ಹತ್ತಿರ ಇದ್ದದ್ದು ಸೋದರಮಾವನ ಒಂದು ಹಳೆಯ ಕರಿ ಟೋಪಿ.

ಒಂದು ಬೆಳಿಗ್ಗೆ ಅಡ್ಡೆಯ ಗೋಡೆಯ ಮೇಲೆ ಕೆಂಪು ಬಣ್ಣದ ಚೇಳು ಬಂತು. ವಾರದೊಳಗೆ ಬೈಕುಗಳ ಹಿಂದೆಯೂ ಬಂತು. ಆರು ಕಾಲು, ಬಾಲ ಎಡಕ್ಕೆ. ನನ್ನ ಕೈಯಲ್ಲಿದ್ದ ಸೌಟು ಅಲ್ಲೇ ಬಿತ್ತು. ಹುಡುಗರು ತಮ್ಮನ್ನು ಆರು ಕಾಲಿನವರು ಎಂದು ಕರೆದುಕೊಳ್ಳತೊಡಗಿದರು. ಸಾಫಾ ಅನ್ನಕ್ಕೆ ಬಂದಾಗ ಕಿವಿ ಹಿಡಿದು ಕೂರಿಸಿದೆ.

"ಏನೋ ಅದು ಹೊಲಸು? ಅದು ಯಾರ ಗುರುತು ಅಂತ ಗೊತ್ತೇನೋ ನಿಂಗೆ?"

"ಗೊತ್ತು ದೊಡ್ಡಮ್ಮ. ಕಿವಿ ಬಿಡು. ಅದನ್ನ ಹಾಕ್ಕೊಂಡ್ರೆ ಪೊಲೀಸು ದಾರಿ ಬಿಡ್ತಾನೆ. ನಿನ್ನೆ ವಾಂಡಿಯಣ್ಣನ್ನ ನೋಡಿ ಆ ದಪ್ಪ ಸಾರ್ಜೆಂಟು ಪಕ್ಕಕ್ಕೆ ಸರಿದ, ಕಣ್ಣಾರೆ ನೋಡ್ದೆ."

"ಹುಚ್ಚುನಾಯಿ ಬಂದ್ರೂ ಸರೀತಾನೆ."

"ಸರೀತಾನಲ್ಲ. ನಂಗೆ ಅಷ್ಟು ಸಾಕು," ಎಂದ. ಆಮೇಲೆ ಅನ್ನ ಕಲಸುತ್ತಾ, ಪಾಠ ಒಪ್ಪಿಸುವವನಂತೆ, "ಆರು ಕಾಲು ಅಂದ್ರೆ ಆರು ಊರು. ಒಂದೇ ತಿಂಗಳಲ್ಲಿ ಆರು ಊರು ಗೆದ್ದಿದ್ರಂತೆ ಚೇಳಿನ ಪಡೆಯವರು," ಎಂದ.

"ನಾನು ಅದರಲ್ಲಿ ಒಂದೂರಿನವಳು ಕಣೋ. ಏನು ಗೆದ್ರು ಅಂತ ನನ್ನನ್ನ ಕೇಳು."

ಅವನು ತಲೆ ತಗ್ಗಿಸಿದ. ಹುಡುಗ ಕೆಟ್ಟವನಲ್ಲ. ಆದರೆ ಬಟ್ಟಲು ತೊಳೆದಿಟ್ಟು ಮತ್ತೆ ಅಡ್ಡೆಗೇ ಹೋದ.

ಏಪ್ರಿಲ್ ಇಪ್ಪತ್ತೇಳು ನಮಗೆ ಸ್ವಾತಂತ್ರ್ಯದ ದಿನ. ಅಂದು ಮೆರವಣಿಗೆಗೆ ಒಂದೊಂದು ಗುಂಪೂ ಒಂದೇ ಬಟ್ಟೆಯಲ್ಲಿ ಅಶೋಬಿ ಹೊಲಿಸಿಕೊಳ್ಳುತ್ತದೆ. ಮೀನು ಮಾರುವವರದು ಒಂದು, ದಾದಿಯರದು ಒಂದು, ಬೈಕಿನವರದು ಒಂದು. ಅಶೋಬಿ ಇಲ್ಲದ ಗುಂಪು ಗುಂಪೇ ಅಲ್ಲ. ಆ ವರ್ಷ ವಾಂಡಿ ಕರಿಯ ಬಟ್ಟೆಯ ಹೊರೆ ಹೊತ್ತುಕೊಂಡು ನೇರ ಜೆಬ್ಬೆಯ ಅಂಗಡಿಗೇ ಬಂದ.

"ಆಂಟಿ, ಮೂವತ್ತೆರಡು ಅಂಗಿ. ಬೆನ್ನ ಮೇಲೆ ಚೇಳು. ಬಣ್ಣ ಬೇಡ, ದಾರದ್ದೇ ಆಗ್ಬೇಕು, ಇದರ ಹಾಗೇ," ಎಂದು ಪ್ಲಾಸ್ಟಿಕ್ಕಿನಲ್ಲಿ ಸುತ್ತಿದ್ದ ಟೋಪಿಯನ್ನು ಮಗುವನ್ನು ಇಳಿಸುವ ಹಾಗೆ ಮೇಜಿನ ಮೇಲಿಟ್ಟ. "ಒಂದು ಕಾಲೂ ಹೆಚ್ಚಾಗಬಾರದು, ಕಡಿಮೆಯಾಗಬಾರದು."

ಜೆಬ್ಬೆ ಟೋಪಿಯನ್ನು ತೆಗೆದುಕೊಂಡು ಬಹಳ ಹೊತ್ತು ನೋಡಿದಳು. ಹೊರಗೆ ನೋಡಿದಳು, ಒಳಗೆ ಬೆರಳಾಡಿಸಿದಳು. "ಇಟ್ಟು ಹೋಗು, ಶನಿವಾರ ಹೇಳ್ತೀನಿ," ಎಂದಳು.

ನನಗೆ ಮೈಯೆಲ್ಲ ಉರಿಯಿತು. ಅವನು ಬೀದಿ ದಾಟುವುದನ್ನೇ ಕಾದಿದ್ದು ಅವಳ ಗೂಡಿಗೆ ನುಗ್ಗಿದೆ. "ಅದನ್ನ ಹೊಲಿದರೆ ನನ್ನ ಪಾತ್ರೆಗೆ ಕೈ ಹಾಕಬೇಡ. ಹೇಳಿದೀನಿ. ಲಹಾಯಿನ ಕೊಂದವರ ಗುರುತು ಅದು." ಅವಳು ಟೋಪಿಯನ್ನು ಮಡಿಲಲ್ಲಿಟ್ಟುಕೊಂಡು ನನ್ನನ್ನೇ ನೋಡಿದಳು. ಆ ನೋಟ ನನಗೆ ಆಗ ಅರ್ಥವಾಗಲಿಲ್ಲ. ದುರಾಸೆ ಬಾಯಿ ಕಟ್ಟಿದೆ ಎಂದುಕೊಂಡು ಬಂದುಬಿಟ್ಟೆ.

ಶುಕ್ರವಾರ ಕಮ್ಮಾರ ಊಟಕ್ಕೆ ಬಂದವನು ಇನ್ನೊಂದು ಸುದ್ದಿ ಹೇಳಿದ. ವಾಂಡಿ ಅವನ ಕೈಯಲ್ಲಿ ಕಬ್ಬಿಣದ ಮುದ್ರೆ ಮಾಡಿಸಿದ್ದನಂತೆ, ಅಂಗೈಯಷ್ಟು ಅಗಲ, ಆರು ಕಾಲಿನ ಚೇಳು. "ದನಕ್ಕೆ ಅಂತ ತಿಳ್ಕೊಂಡೆ ಅಕ್ಕ," ಎಂದ ಕಮ್ಮಾರ. "ಭುಜಕ್ಕಂತೆ. ನಾಳೆ ಮಧ್ಯಾಹ್ನ ಮಾವಿನ ಮರದ ಕೆಳಗೆ ಮೊದಲ ಎಂಟು ಜನಕ್ಕೆ ಒತ್ತುತ್ತಾರಂತೆ. ಅಂಗಿ ಬೇಕಾದಾಗ ಬಿಚ್ಚಿಡ್ಬಹುದು, ಚರ್ಮ ಬಿಚ್ಚೋಕಾಗಲ್ಲ, ಅದಕ್ಕೇ ಅಂದ." ಆ ಎಂಟರಲ್ಲಿ ಸಾಫಾ ಮೂರನೆಯವನು.

ಇದನ್ನು ಜೆಬ್ಬೆಗೆ ಹೇಳದೆ ಇರಲಾಗಲಿಲ್ಲ. ಬಾಗಿಲಲ್ಲೇ ನಿಂತು ಹೇಳಿದೆ. ನಮ್ಮ ದೇಶದಲ್ಲಿ ಕಾಡಿನವರು ಹಿಡಿದವರ ಮೈಮೇಲೆ ಅಕ್ಷರ ಕೊರೆದದ್ದುಂಟು, ಅಂಥವರು ಇವತ್ತಿಗೂ ಸೆಕೆಯಲ್ಲಿ ಕುತ್ತಿಗೆವರೆಗೆ ಗುಂಡಿ ಹಾಕಿಕೊಂಡು ತಿರುಗುತ್ತಾರೆ. ಈ ಮುಠ್ಠಾಳರು ಸಾಲಿನಲ್ಲಿ ನಿಂತು ಒತ್ತಿಸಿಕೊಳ್ಳುತ್ತಾರಂತೆ!

"ನಾಳೆ ನೀನೂ ಬಾ ಅಕ್ಕ," ಎಂದಳು ಜೆಬ್ಬೆ. "ನೀನು ಬೇರೆಯವರ ಬಾಯಿಂದ ಕೇಳೋದು ಬೇಡ."

ಶನಿವಾರ ನಾನು ಸೌಟು ಹಿಡಿದುಕೊಂಡೇ ಹೋದೆ. ಅವಳು ಬಟ್ಟೆಯ ಹೊರೆಯನ್ನು ತಲೆಯ ಮೇಲೆ, ಟೋಪಿಯನ್ನು ಕೈಯಲ್ಲಿ ಹಿಡಿದು ಮುಂದೆ ನಡೆದಳು. ಮಾವಿನ ಮರದ ಕೆಳಗೆ ಚಹಾದ ಇದ್ದಿಲ ಒಲೆಯಲ್ಲೇ ಮುದ್ರೆ ಕಾಯುತ್ತಿತ್ತು. ಎಂಟು ಜನ ಅಂಗಿ ಬಿಚ್ಚಿ ನಿಂತಿದ್ದರು. ಸಾಫಾನ ಭುಜದ ಮೂಳೆ ಇನ್ನೂ ಕೋಳಿಮರಿಯ ರೆಕ್ಕೆಯಂತಿತ್ತು. ತಾಯಿಯನ್ನು ನೋಡಿ ಮುಖ ಆಚೆ ತಿರುಗಿಸಿದ.

"ಹೊಲಿಗೆ ಆಯ್ತಾ ಆಂಟಿ?" ಎಂದ ವಾಂಡಿ.

"ಇಲ್ಲ. ಒಂದು ಮಾತು ಕೇಳೋಣ ಅಂತ ಬಂದೆ. ಚೇಳಿಗೆ ಎಷ್ಟು ಕಾಲು?"

"ಆರು!" ಎಂದು ಹುಡುಗರು ಒಟ್ಟಿಗೆ ಕೂಗಿದರು.

"ಆ ಕಲ್ಲು ಎತ್ತಿ, ಒಂದು ಹಿಡ್ಕೊಂಡು ಬನ್ನಿ. ಎಣಿಸೋಣ."

ಬ್ರಿಮಾ ಎಂಬ ಸಣ್ಣ ಹುಡುಗ, "ಎಂಟು ಇರುತ್ತೆ," ಎಂದು ಮೆಲ್ಲಗೆ ಹೇಳಿದ. ವಾಂಡಿ ಅವನನ್ನು ದುರುಗುಟ್ಟಿ ನೋಡಿದ. "ಅದು ಹೊಲದ ಚೇಳು. ಇದು ಪಡೆಯ ಚೇಳು. ಆರು ಕಾಲು, ಆರು ಊರು. ನಿಂಗೇನು ಗೊತ್ತು ಆಂಟಿ? ನೀನು ಗಿನಿಯಲ್ಲಿ ಕೂತಿದ್ದೋಳು."

"ನಾನು ಗಿನಿ ನೋಡೇ ಇಲ್ಲ," ಎಂದಳು ಜೆಬ್ಬೆ.

ಅವಳು ಹೊರೆ ಇಳಿಸಿದಳು. ಆಮೇಲೆ ದಾರ ಅಳೆದಷ್ಟೇ ಜಾಗ್ರತೆಯಿಂದ ಹೇಳುತ್ತಾ ಹೋದಳು. "ನನ್ನನ್ನ ಹಿಡ್ಕೊಂಡು ಹೋದಾಗ ನಂಗೆ ಹದಿನಾಲ್ಕು. ಹೊಲಿಗೆ ಬರುತ್ತೆ ಅಂತ ಗೊತ್ತಾಗಿ ಕಮಾಂಡರ್ ಟೋಪಿ ಮೇಲೆ ಚೇಳು ಹೊಲಿ ಅಂದ. ಕೆಂಪು ದಾರ ಇರಲಿಲ್ಲ. ಕದ್ದು ತಂದ ಒಂದು ಸ್ವೆಟರ್ ಕೊಟ್ರು, ಅದನ್ನ ಬಿಚ್ಚಿದೆ. ಮೈ ಆಯ್ತು, ಕೊಂಡಿ ಆಯ್ತು, ಬಾಲ ಆಯ್ತು. ಆರನೇ ಕಾಲು ಮುಗಿಸೋದ್ರಲ್ಲಿ ದಾರ ಮುಗೀತು, ಇನ್ನೆರಡು ಕಾಲಿಗೆ ಇರಲಿಲ್ಲ. ಮೊದಲೇ ಅಳೆದು ನೋಡಿರಲಿಲ್ಲ ನಾನು. ಕೆಲಸ ಕೆಡಿಸಿದವರಿಗೆ ಅಲ್ಲಿ ಏನು ಮಾಡ್ತಿದ್ರು ಅಂತ ಅದರ ಹಿಂದಿನ ದಿನ ನೋಡಿದ್ದೆ. ಅವನು ಎಣಿಸಿ, ಯಾಕೆ ಆರು ಅಂದ. ಬಾಯಿಗೆ ಬಂದದ್ದು ಹೇಳಿಬಿಟ್ಟೆ. ಆರು ಊರು ನಿಮ್ಮದಾಗುತ್ತೆ ಕಮಾಂಡರ್, ಅದಕ್ಕೆ ಅಂದೆ."

ಈಗ ಅವಳು ಹುಡುಗರನ್ನು ನೋಡುತ್ತಿರಲಿಲ್ಲ, ನನ್ನನ್ನು ನೋಡುತ್ತಿದ್ದಳು.

"ಆಗ ಅವನು ಹಿಡಿದಿದ್ದು ಎರಡೇ ಊರು. ನನ್ನ ಮಾತು ಅವನಿಗೆ ಹಿಡಿಸ್ತು. ಎಲ್ಲ ಟೋಪಿಗೂ ಹೀಗೇ ಹೊಲಿ ಅಂದ. ಆಮೇಲೆ ಆರು ಮಾಡಿದ."

ಗ್ಬಂಡಾವೊ ಐದನೆಯದು. ನಾನು ಬೆರಳು ಮಡಿಸಬೇಕಾಗಲಿಲ್ಲ. ಸುತ್ತಲಿನ ಊರುಗಳು ಯಾವ ಸರದಿಯಲ್ಲಿ ಸುಟ್ಟುಹೋದವು ಎಂಬುದು ನಮ್ಮ ಕಡೆಯ ಎಲ್ಲ ಹೆಂಗಸರಿಗೂ ಬಾಯಿಪಾಠ.

ವಾಂಡಿ ಜೋರಾಗಿ ನಕ್ಕ. "ಮಗನ್ನ ಉಳಿಸ್ಕೊಳ್ಳೋಕೆ ಚೆನ್ನಾಗಿ ಕಥೆ ಕಟ್ತೀಯ ಆಂಟಿ. ದಾರ ಮುಗೀತಂತೆ!" ನಾಲ್ಕಾರು ಹುಡುಗರೂ ನಕ್ಕರು. ಮುದ್ರೆಯ ಹಿಡಿಗೆ ಬಟ್ಟೆ ಸುತ್ತಿ ಅವನು ಅದನ್ನು ಎತ್ತಿಕೊಂಡ. ಮೊದಲನೆಯ ಹುಡುಗ ಹಲ್ಲು ಕಚ್ಚಿ ಮುಂದೆ ಬಂದ.

ಜೆಬ್ಬೆ ಟೋಪಿಯ ಒಳಮೈ ಹೊರಮಾಡಿ ಅವನ ಮುಖದ ಮುಂದೆ ಹಿಡಿದಳು. "ಬಾಲದ ಕೊನೆಯಲ್ಲಿ ಗಂಟು ಇದೆ, ನೋಡು. ಈಗ ನಿನ್ನ ಪ್ಯಾಂಟಿನ ಅಂಚು ತಿರುಗಿಸಿ ನೋಡು. ಹೋದ ರಂಜಾನಿಗೆ ನಾನೇ ಹೊಲಿದು ಕೊಟ್ಟದ್ದು."

ವಾಂಡಿ ಅಲುಗಾಡಲಿಲ್ಲ. ಅಂಚು ತಿರುಗಿಸಿದವನು ಬ್ರಿಮಾ. ಅವನು ತನ್ನ ಚಡ್ಡಿಯ ಅಂಚನ್ನು ನೋಡಿ, ಟೋಪಿಯನ್ನು ನೋಡಿ, ಮತ್ತೆ ಚಡ್ಡಿಯನ್ನು ನೋಡಿದ. ಆಮೇಲೆ ಒಬ್ಬೊಬ್ಬರೇ ಬಗ್ಗಿದರು. ಎಡಕ್ಕೆ ತಿರುಚಿದ ಎಳ್ಳುಕಾಳು, ಮೇಲೆ ಅಡ್ಡ ಎರಡು ಹೊಲಿಗೆ. ಮೂವತ್ತೆರಡು ಜನರಲ್ಲಿ ಅದಿಲ್ಲದ ಬಟ್ಟೆ ತೊಟ್ಟವರು ಐದಾರು ಜನ ಇದ್ದರೇನೋ. ನನ್ನ ಕೈ ತಾನಾಗಿಯೇ ನನ್ನ ಕುಪ್ಪಸದ ಅಂಚಿಗೆ ಹೋಯಿತು, ಅಲ್ಲೂ ಸಿಕ್ಕಿತು.

ಸಾಫಾ ಕೇಳಿದ, "ನಮ್ಮಪ್ಪ?"

"ಇಂಥ ಟೋಪಿ ಹಾಕಿದವರಲ್ಲೇ ಒಬ್ಬ. ನಂಗಾಗ ಹದಿನೇಳು. ನಿಂಗೆ ಇಷ್ಟಾನಾ ಅಂತ ನನ್ನನ್ನ ಯಾರೂ ಕೇಳಲಿಲ್ಲ ಮಗಾ. ಹೆಸರು ಬೇಕಿದ್ರೆ ಮನೇಲಿ ಹೇಳ್ತೀನಿ."

ಅವನು ಒಲೆಯನ್ನು ನೋಡಿದ, ಬಿಚ್ಚಿಟ್ಟಿದ್ದ ಅಂಗಿಯನ್ನು ಎತ್ತಿಕೊಂಡ. ತೋಳು ಸಿಗದೆ ಎರಡು ಸಲ ತಪ್ಪಿದ. ಹಾಕಿಕೊಂಡು, ಬಟ್ಟೆಯ ಹೊರೆಯನ್ನು ವಾಂಡಿಯ ಕಾಲ ಬಳಿಗೆ ಸರಿಸಿ, ತಾಯಿಯ ಹಿಂದೆ ನಡೆದ. ಇನ್ನೂ ನಾಲ್ವರು ಅಂಗಿ ಹಾಕಿಕೊಂಡರು.

ಎಲ್ಲರೂ ಹಾಕಿಕೊಂಡರು ಎಂದು ಹೇಳಿದರೆ ಸುಳ್ಳಾಗುತ್ತದೆ. ಮರುವಾರ ವಾಂಡಿ ಮತ್ತು ಮೂವರು ಒತ್ತಿಸಿಕೊಂಡೇ ಬಿಟ್ಟರು. ಒಬ್ಬನ ಭುಜ ಕೀವು ತುಂಬಿ ಆಸ್ಪತ್ರೆ ಸೇರಿದ. "ಯಾರಾದ್ರೂ ಹೊಲಿದಿರಲಿ, ಈಗ ಅದು ನಮ್ಮದು," ಎಂದನಂತೆ ವಾಂಡಿ. ಅಶೋಬಿಯನ್ನು ಅಲ್ಫಾ ದರ್ಜಿ ಹೊಲಿದುಕೊಟ್ಟ. ಅವನ ಚೇಳು ಏಡಿಯಂತಿತ್ತು.

ಜೆಬ್ಬೆಯ ಕಥೆ ಸಂಜೆಯೊಳಗೆ ಪೇಟೆಯ ಆ ತುದಿ ಮುಟ್ಟಿತು. ಎಷ್ಟೋ ಹೆಂಗಸರು ಹೊಲಿಯಲು ಕೊಟ್ಟಿದ್ದ ಬಟ್ಟೆಯನ್ನು ವಾಪಸು ಒಯ್ದರು. ಅವಳ ತಗಡಿನ ಬಾಗಿಲ ಮೇಲೆ ಯಾರೋ ಸೆಗಣಿ ಎರಚಿದರು, ಸಾಫಾ ತೊಳೆದ. ನಾನು ಅವಳ ಕಡೆ ತಿರುಗಿ ನೋಡಲಿಲ್ಲ. ಹದಿನಾಲ್ಕು ವರ್ಷದ ಹುಡುಗಿ ಪ್ರಾಣಭಯಕ್ಕೆ ಹೇಳಿದ ಮಾತು ಎಂದು ತಲೆಗೆ ಗೊತ್ತಿತ್ತು. ಹೊಟ್ಟೆ ಕೇಳುತ್ತಿರಲಿಲ್ಲ. ಅವಳು ನಾಲ್ಕು ಎಂದಿದ್ದರೆ ಲಹಾಯಿ ಬದುಕಿರುತ್ತಿದ್ದ ಎಂದು ಅಕ್ಕಿ ತೊಳೆಯುವಾಗ ಅನಿಸುತ್ತಿತ್ತು, ಸೊಪ್ಪು ಕುಟ್ಟುವಾಗ ಅನಿಸುತ್ತಿತ್ತು. ಇನ್ನೊಂದು ಸಿಟ್ಟು ಅದಕ್ಕಿಂತ ದೊಡ್ಡದು: ಲಹಾಯಿಯ ಕಥೆ ಕೇಳಿಯೂ ಹನ್ನೆರಡು ವರ್ಷ ನನ್ನ ಬಟ್ಟಲಿನಲ್ಲಿ ಕೈ ಹಾಕಿ ಉಂಡಳಲ್ಲ, ಎಂದು. ಇಮಾಮರು ಕ್ಷಮೆಯ ಬಗ್ಗೆ ಮಾತೆತ್ತಿದಾಗ, "ಇಮಾಮರೇ, ಇವತ್ತು ಮೀನಿನ ಸಾರು, ಬಡಿಸ್ಲಾ?" ಎಂದು ಬಾಯಿ ಮುಚ್ಚಿಸಿದೆ.

ಎಂಟು ದಿನ ಒಬ್ಬಳೇ ಉಂಡೆ. ಒಂಬತ್ತನೆಯ ದಿನ ಬೆಳಿಗ್ಗೆ ಬ್ಲೇಡು ಹಿಡಿದು ಕೂತು ಕುಪ್ಪಸದ ಅಂಚಿನ ಆ ಗಂಟನ್ನು ಕೀಳತೊಡಗಿದೆ. ಬೆರಳು ಎರಡು ಕಡೆ ಕೊಯ್ದಿತು. ಅಲ್ಫಾ ಬೈದದ್ದು ಸುಳ್ಳಲ್ಲ. ಕೊನೆಗೆ ಕಿತ್ತೆ. ಕಿತ್ತ ಕೂಡಲೇ ಇಡೀ ಅಂಚು ಸರಸರನೆ ಬಿಚ್ಚಿಕೊಂಡು ಜೋತುಬಿತ್ತು. ಅದನ್ನು ಕೈಯಲ್ಲಿ ಹಿಡಿದು ಕೂತಾಗ, ಅಳು ಬಂತು. ಎಂಟು ದಿನ ಬಂದಿರಲಿಲ್ಲ. ಲಹಾಯಿಗಾಗಿ ಅತ್ತೆನೋ, ಆ ಹುಡುಗಿಗಾಗಿ ಅತ್ತೆನೋ, ಎದುರು ಕೂತು ಉಣ್ಣುವವರಿಲ್ಲದೆ ಅತ್ತೆನೋ, ವಿಂಗಡಿಸಲು ಹೋಗಲಿಲ್ಲ.

ಮಧ್ಯಾಹ್ನ ಬಟ್ಟಲಿನಲ್ಲಿ ಅನ್ನ, ಮೇಲೆ ಮರಗೆಣಸಿನ ಸೊಪ್ಪಿನ ಸಾರು ಹಾಕಿಕೊಂಡು, ಕುಪ್ಪಸವನ್ನು ಹೆಗಲ ಮೇಲೆ ಹಾಕಿಕೊಂಡು ಅವಳ ಗೂಡಿಗೆ ಹೋದೆ. ಅವಳು ಎದ್ದು ನಿಂತಳು. ಸೊರಗಿದ್ದಳು. ಬಟ್ಟಲನ್ನು ಮೇಜಿನ ಮೇಲಿಟ್ಟು ಕುಪ್ಪಸವನ್ನು ಅವಳ ಮುಂದೆ ಚಾಚಿದೆ.

"ಏನಾಯ್ತು ಅಕ್ಕ ಇದಕ್ಕೆ?"

"ನಾನೇ ಬಿಚ್ಚಿದೆ."

ಅವಳು ನನ್ನ ಕೊಯ್ದ ಬೆರಳುಗಳನ್ನು ನೋಡಿದಳು. ಬುಟ್ಟಿಯಿಂದ ಒಂದು ದಿಂಡು ಆರಿಸಿ, ದಾರವನ್ನು ಬೆರಳಿಗೆ ಸುತ್ತಿ ಅಳೆದು, ಕತ್ತರಿಸಿ ಹೊಲಿಯಲು ಕೂತಳು. ನಾನು ಅಲ್ಲೇ ಸ್ಟೂಲಿನ ಮೇಲೆ ಕೂತೆ. ಅಂಚು ಸುತ್ತಿ ಬಂದು ಕೊನೆ ಮುಟ್ಟಿದಾಗ ಅವಳ ಎಡಗೈ ನಿಂತಿತು. ಸೂಜಿ ಹಾಗೇ ಬಟ್ಟೆಯಲ್ಲಿ ಉಳಿಯಿತು.

"ಅಕ್ಕ," ಎಂದಳು. "ನಂಗೆ ಬರೋದು ಇದೊಂದೇ ಗಂಟು."

"ಗೊತ್ತು," ಎಂದೆ. "ಹಾಕು. ಈ ಸಲ ನಾನು ಬಿಚ್ಚೋಕಾಗದ ಹಾಗೆ ಹಾಕು."

ಅವಳು ಸೂಜಿಗೆ ಮೂರು ಸುತ್ತು ಸುತ್ತಿ ಎಳೆದಳು. ನಾನು ಬಟ್ಟಲನ್ನು ಇಬ್ಬರ ನಡುವೆ ಸರಿಸಿದೆ.